ಡಬ್ಲ್ಯೂ ಬಿಟ್ಟ ಗೌಡರು

ಹಾಸನ ಸೀಮೆಯ ಮಂಜೇಗೌಡರಿಗೆ ಕನ್ನಡದಲ್ಲಿ ಒಂದೇ ಹೆಸರು, ಇಂಗ್ಲಿಷಿನಲ್ಲಿ ಮೂರು. ಮಾರ್ಕ್ಸ್ ಕಾರ್ಡಿನ ಗೌಡರಿಗೆ ಡಬ್ಲ್ಯೂ, ಆಧಾರಿನ ಗೌಡರಿಗೆ ಯು, ಪ್ಯಾನಿನಲ್ಲಿ ಮಂಜೇಗೂ ಗೌಡನಿಗೂ ನಡುವೆ ಗೇಣು ಜಾಗ. ಊರಲ್ಲಿ ಇದನ್ನು ಕೇಳುವವರಿಲ್ಲ. ಮಗಳ ಬಾಣಂತನಕ್ಕೆ ಗಂಡ ಹೆಂಡತಿ ದುಬೈಗೆ ಹೊರಟಾಗಲೇ ಮೂವರು ಗೌಡರೂ ಎದುರುಬದುರಾಗುವುದು.

ಇನಿಷಿಯಲ್ಲಿನದು ಬೇರೆಯೇ ಕಥೆ. ಪಾಸ್‌ಪೋರ್ಟ್ ಅರ್ಜಿಯಲ್ಲಿ ಎಚ್.ಕೆ. ನಡೆಯಲ್ಲ, ಬಿಡಿಸಿ ಬರೆಯಬೇಕು. ಬಿಡಿಸಿದರೆ ಎಚ್ ಊರು, ಕೆ ಅಪ್ಪ. ಸರ್‌ನೇಮ್ ಖಾನೆಗೆ ಊರು ತುಂಬಿದವರು ವಿಮಾನ ನಿಲ್ದಾಣದಲ್ಲಿ ‘ಮಿಸ್ಟರ್ ಹಳೇಕೋಟೆ’ ಆಗುತ್ತಾರೆ. ಖಾಲಿ ಬಿಟ್ಟವರಿಗೆ 2022ರ ನವೆಂಬರಿನಲ್ಲಿ ಯುಎಇ ಪಾಠ ಕಲಿಸಿತು: ಒಂಟಿ ಹೆಸರಿನವರಿಗೆ ವಿಸಿಟ್ ವೀಸಾದಲ್ಲಿ ಪ್ರವೇಶವಿಲ್ಲ. ಪಾಸ್‌ಪೋರ್ಟಿನಲ್ಲಿ ಅಪ್ಪನ ಹೆಸರಿದ್ದರೆ ಆದೀತು ಅಂತ ಆಮೇಲೆ ಸಡಿಲಿಸಿತು ಅನ್ನಿ.

ಪಾಸ್‌ಪೋರ್ಟಿನಲ್ಲಿ ತಪ್ಪಿದ್ದರೆ ಬಾಯಲ್ಲಿ ತಿದ್ದುಪಡಿ ಅನ್ನುತ್ತೇವೆ, ನಿಜಕ್ಕೂ ತಿದ್ದುವುದಿಲ್ಲ, ಹೊಸ ಪುಸ್ತಕವನ್ನೇ ಕೊಡುತ್ತಾರೆ. ಅರ್ಜಿಯಲ್ಲಿ ‘ಫ್ರೆಶ್’ ಒತ್ತದೆ ‘ರೀಇಶ್ಯೂ’ ಒತ್ತಿ, ಕಾರಣದಲ್ಲಿ ವೈಯಕ್ತಿಕ ವಿವರಗಳ ಬದಲಾವಣೆ ಆರಿಸಬೇಕು. ದೊಡ್ಡವರಿಗೆ 36 ಪುಟದ್ದಕ್ಕೆ 1,500 ರೂಪಾಯಿ, ತತ್ಕಾಲ್ ಆದರೆ ಮೇಲೆ 2,000. ಒಂದಕ್ಷರ ತಾನೇ ಎಂದು ಮೊಮ್ಮಗನ ಜೆಲ್ ಪೆನ್ ಹಿಡಿದೀರಿ ಜೋಕೆ. 1967ರ ಪಾಸ್‌ಪೋರ್ಟ್ ಕಾಯ್ದೆಯ 12ನೇ ಕಲಮಿನಲ್ಲಿ ಅದಕ್ಕೆ 2 ವರ್ಷದವರೆಗೆ ಜೈಲು, ಇಲ್ಲವೇ 5,000 ರೂಪಾಯಿವರೆಗೆ ದಂಡ, ಅಥವಾ ಎರಡೂ ಇವೆ.

ಅರ್ಜಿಗೆ ಮೊದಲು ಮೂವರು ಗೌಡರನ್ನು ಒಬ್ಬರನ್ನಾಗಿಸಬೇಕು. ಮಾರ್ಕ್ಸ್ ಕಾರ್ಡಿನ ಸ್ಪೆಲಿಂಗನ್ನೇ ಹಿಡಿದು ಉಳಿದವನ್ನು ಅದಕ್ಕೆ ಹೊಂದಿಸುವುದು ವಾಸಿ. ಆಧಾರಿನಲ್ಲಿ ಕೈಬಿಗಿ ಇರಲಿ. ಅಲ್ಲಿ ಹೆಸರು ತಿದ್ದಿಸಲು ಜೀವಮಾನಕ್ಕೆ ಎರಡೇ ಸಲ, ಹುಟ್ಟಿದ ದಿನಕ್ಕೆ ಒಂದೇ ಸಲ. ಹೆಸರೇ ಪೂರ್ತಿ ಬದಲಾಗಿದ್ದರೆ ಅಫಿಡವಿಟ್ಟು, ಪತ್ರಿಕಾ ಪ್ರಕಟಣೆ ಎಂದು ದಾರಿ ಉದ್ದವಾಗುತ್ತದೆ.

ಹುಟ್ಟಿದ ದಿನ ಅಂದೆನಲ್ಲ, ನಮ್ಮ ಕಡೆ ಒಂದು ತಲೆಮಾರು ಹುಟ್ಟಿದ್ದೇ ಜೂನ್ 1ಕ್ಕೆ. ಹೆತ್ತವ್ವನಿಗೆ ಶ್ರಾವಣದ ಮಳೆ ನೆನಪಿದೆ, ಹೆಡ್‌ಮಾಸ್ತರರಿಗೆ ಶಾಲೆ ಶುರುವಾದ ದಿನ. ಪಾಸ್‌ಪೋರ್ಟಿನಲ್ಲಿ ಮಾತ್ರ ತಪ್ಪಿದ್ದರೆ ಜನನ ಪ್ರಮಾಣಪತ್ರ ಹಿಡಿದು ರೀಇಶ್ಯೂಗೆ ಹೋಗಬಹುದು. ಪ್ರಮಾಣಪತ್ರದಲ್ಲೇ ತಪ್ಪಿದ್ದರೆ 1969ರ ಕಾಯ್ದೆಯ 15ನೇ ಕಲಮಿನಂತೆ ಜನನ ಮರಣ ನೋಂದಣಾಧಿಕಾರಿಯ ಬಳಿ ತಿದ್ದಿಸಬೇಕು. ಶಾಲೆಯ ದಾಖಲೆಯದಾದರೆ ಸಾಮಾನ್ಯವಾಗಿ ಸಿವಿಲ್ ಕೋರ್ಟಿನ ಮೆಟ್ಟಿಲೇ ಗತಿ. 2023ರ ಅಕ್ಟೋಬರ್ 1ರಿಂದೀಚೆ ಹುಟ್ಟಿದ ಮಕ್ಕಳಿಗೆ ಈ ತಂಟೆಯಿಲ್ಲ, ಅವಕ್ಕೆ ಜನನ ಪ್ರಮಾಣಪತ್ರ ಒಂದೇ ಪುರಾವೆ.

ಪಕ್ಕದ ಚಿಕ್ಕಮಗಳೂರಿನವರ ಗೋಳು ಊರಿನದೇ. ಹಳೆ ಪಾಸ್‌ಪೋರ್ಟಿನಲ್ಲಿ ನಡುವೆ ಒಂದೇ ಕೆ, ಈಗ ಎರಡು. 2014ರ ನವೆಂಬರ್ 1ರಂದು ಊರು ತನ್ನ ಸ್ಪೆಲಿಂಗ್ ತಿದ್ದಿಸಿಕೊಂಡಿತು, ಟೋಕನ್ನೂ ಇಲ್ಲದೆ.

ಇಷ್ಟೆಲ್ಲ ದಾಟಿ ಬಂದ ಮೇಲೂ ಕೌಂಟರಿನಲ್ಲಿ ಒಂದು ಗಳಿಗೆ ಇದೆ. ಟೈಪಿಸಿದ ಹುಡುಗಿ ಪರದೆಯನ್ನು ಗೌಡರ ಕಡೆ ತಿರುಗಿಸುತ್ತಾಳೆ. ಹೆಸರು, ಅಪ್ಪನ ಹೆಸರು, ತಾರೀಕು, ಪಿನ್‌ಕೋಡು ಒಂದೊಂದೇ ಅಕ್ಷರ ಬೆರಳಿಟ್ಟು ಓದಬೇಕಾದ್ದು ಆಗಲೇ. ಕನ್ನಡಕ ಜೇಬಿನಲ್ಲೇ ಇರುತ್ತದೆ.

“ಸರಿ ಇದೆಯಾ ನೋಡಿ ಯಜಮಾನ್ರೇ.”

“ನೀವ್ ಬರ್ದಿದ್ದೀರಲ್ಲವ್ವ, ಇರ್ತದೆ ಬುಡಿ.”