ಸ್ಪಷ್ಟನೆ: ವಿಕ್ರಾಂತ್ ಕರಾಚಿಗೆ ಹೋಗಿರಲಿಲ್ಲ

"1971ರಲ್ಲಿ ವಿಕ್ರಾಂತ್ ಹಡಗಿನಿಂದ ಕರಾಚಿಗೆ ಬೆಂಕಿ ಇಟ್ಟ ನಮ್ಮ ಡೊಂಬಿವಲಿಯ ಕನ್ನಡಿಗ ಅಜ್ಜ" ಅಂತ ಸಾಕ್ಷ್ಯಚಿತ್ರದ ತುಣುಕೊಂದು ವಾಟ್ಸಾಪ್‌ನಲ್ಲಿ ಓಡಾಡುತ್ತಿದೆ. ಆ ಸಾಲು ಬರೆದವನು ನಾನೇ. ಅದು ತಪ್ಪು.

1971ರ ಭಾರತ-ಪಾಕ್ ಯುದ್ಧದಲ್ಲಿ, ಡಿಸೆಂಬರ್ 4ರ ರಾತ್ರಿ ಕರಾಚಿ ಮೇಲೆ ದಾಳಿ ಮಾಡಿದ್ದು ನಿಪಾತ್, ನಿರ್ಘಾತ್, ವೀರ್ ಎಂಬ ಪುಟ್ಟ ಕ್ಷಿಪಣಿ ದೋಣಿಗಳು. ವಿಮಾನವಾಹಕ ನೌಕೆ ವಿಕ್ರಾಂತ್ ಆಗ ಬಂಗಾಳ ಕೊಲ್ಲಿಯಲ್ಲಿತ್ತು. ಒಂದು ಬಾಯ್ಲರ್ ಬಿರುಕು ಬಿಟ್ಟಿದ್ದರೂ ಅದರ ವಿಮಾನಗಳು ಪೂರ್ವ ಪಾಕಿಸ್ತಾನದ (ಇಂದಿನ ಬಾಂಗ್ಲಾದೇಶದ) ಕಾಕ್ಸ್ ಬಜಾರ್, ಚಿತ್ತಗಾಂಗ್ ಮೇಲೆ ಬಾಂಬ್ ಹಾಕಿದವು. ನೌಕಾಪಡೆಯ ಇತಿಹಾಸದಲ್ಲಿ ಇರುವುದೂ ಇದೇ, ತುಣುಕಿನಲ್ಲಿ ಅಜ್ಜ ಹೇಳಿದ್ದೂ ಇದೇ. ಲೋಕಲ್ ಟ್ರೇನಿನ ಗದ್ದಲದಲ್ಲಿ ನಾನು ಅರ್ಧಂಬರ್ಧ ಕೇಳಿಸಿಕೊಂಡಿದ್ದೆ.

ನಿನ್ನೆ ಅಜ್ಜ ಮೇಜಿನ ಈ ತುದಿಗೆ ಚಹಾ ಲೋಟ, ಆ ತುದಿಗೆ ಬಿಸ್ಕತ್ತು ಇಟ್ಟರು. "ಕರಾಚಿ ಇಲ್ಲಿ. ನಾವು ಅಲ್ಲಿ ಕಣಪ್ಪಾ." ಬೈಯಲಿಲ್ಲ, ಸುಮ್ನೆ ನಕ್ಕರು.

ದಯವಿಟ್ಟು ಆ ಸಂದೇಶವನ್ನು ಇನ್ನು ಫಾರ್ವರ್ಡ್ ಮಾಡಬೇಡಿ. ಈಗಾಗಲೇ ಕಳಿಸಿದ್ದರೆ, ಅದೇ ಗ್ರೂಪಿಗೆ ಇದನ್ನೂ ಹಾಕಿ.