ಇನ್‌ಕ್ರಿಮೆಂಟು ನಾಳೆ ಬನ್ನಿ

ಕೇಂದ್ರ ಸರ್ಕಾರಿ ನೌಕರರು ಜುಲೈ 1ರಿಂದ ಜೂನ್ 30ರವರೆಗೆ ವರ್ಷಪೂರ್ತಿ ದುಡಿದರೆ ಅದರ ಇನ್‌ಕ್ರಿಮೆಂಟು ಕೈಗೆ ಸಿಗುವುದು ಮರುದಿನ. ಜೂನ್ 30ರ ಸಂಜೆಯೇ ಶಾಲು ಹೊದಿಸಿ ಕಳಿಸಿಬಿಟ್ಟರೆ? ದುಡಿದದ್ದೇನೋ ನಿಜ, ತೆಗೆದುಕೊಳ್ಳಲು ನೀವೇ ಇಲ್ಲವಲ್ಲ ಎಂಬುದು ಬಹುಕಾಲ ನಡೆದ ತರ್ಕ.

ತಪ್ಪು ಹುಟ್ಟಿದವರದೇ. ಜುಲೈ 1ರಂದು ಹುಟ್ಟಿದವರಿಗೆ ಜೂನ್ 30ಕ್ಕೇ ನಿವೃತ್ತಿ. ಒಂದು ದಿನ ತಡೆದು ಹುಟ್ಟಿದವರಿಗೆ ಜುಲೈ 31ರವರೆಗೆ ಕುರ್ಚಿ, ಜೊತೆಗೆ ಇನ್‌ಕ್ರಿಮೆಂಟು. ಶಾಲೆಗೆ ಸೇರಿಸುವಾಗ ಮೇಷ್ಟ್ರು ಜೂನ್ 1 ಎಂದು ಬರೆದುಕೊಂಡವರ ಪಾಡು ಇನ್ನೂ ಚೆಂದ: ಮೇ 31ಕ್ಕೇ ಮನೆ, 11 ತಿಂಗಳ ದುಡಿಮೆ ಯಾರ ಲೆಕ್ಕಕ್ಕೂ ಇಲ್ಲ.

ಕೇಂದ್ರದ ವೇತನ ಪಟ್ಟಿಯ ಲೆವೆಲ್ 6ರಲ್ಲಿ ಮೂಲ ವೇತನ 60,400 ಇದ್ದವರಿಗೆ ಮುಂದಿನ ಮೆಟ್ಟಿಲು 62,200. ಪಿಂಚಣಿ ಕೊನೆಯ ಮೂಲ ವೇತನದ ಅರ್ಧ. ಅಂದರೆ ನಷ್ಟ ತಿಂಗಳಿಗೆ 900 ರೂಪಾಯಿ, ಮೇಲೆ ತುಟ್ಟಿಭತ್ಯೆ, ಬದುಕಿರುವವರೆಗೆ. ಇಂಥದೇ ಒಂದು ಇನ್‌ಕ್ರಿಮೆಂಟು ಕೊಡಲಾರೆನೆಂದು ಸುಪ್ರೀಂ ಕೋರ್ಟಿನವರೆಗೆ ಹೋದ ಕೀರ್ತಿ ನಮ್ಮ ಕೆಪಿಟಿಸಿಎಲ್‌ನದು. ಇನ್‌ಕ್ರಿಮೆಂಟು ಚೆನ್ನಾಗಿ ಕೆಲಸ ಮಾಡಲೆಂದು ಕೊಡುವ ಪ್ರೋತ್ಸಾಹ, ಮನೆಗೆ ಹೋದವರಿಗೆ ಯಾಕೆ ಎಂಬ ವಾದ. ಸಿ.ಪಿ. ಮುಂದಿನಮನಿ ಪ್ರಕರಣದಲ್ಲಿ 2023ರ ಏಪ್ರಿಲ್ 11ರಂದು ಕೋರ್ಟು ಅದನ್ನು ಒಪ್ಪಲಿಲ್ಲ. ಇನ್‌ಕ್ರಿಮೆಂಟು ಹಿಂದಿನ ವರ್ಷದ ದುಡಿಮೆಗೆ ಎಂದಿತು.

ಅಷ್ಟಕ್ಕೇ ಮುಗಿಯಿತೆ? ಅದೇ ಕೋರ್ಟಿನ 2025ರ ಫೆಬ್ರವರಿ 20ರ ಸ್ಪಷ್ಟನೆಯಂತೆ, ಇಲಾಖೆಯೇ ಸರಿಮಾಡೀತೆಂದು ನಂಬಿ ಸುಮ್ಮನಿದ್ದವರಿಗೆ ಹೆಚ್ಚಳ 2023ರ ಮೇ 1ರಿಂದ ಮಾತ್ರ. ಇದನ್ನೇ ಕೇಂದ್ರ ನೌಕರರಿಗೂ ಅನ್ವಯಿಸಿದ 2023ರ ಮೇ ತಿಂಗಳ ಸಿದ್ದರಾಜ್ ತೀರ್ಪಿಗೆ ಮೊದಲೇ ಕೇಸು ಹಾಕಿದ್ದ ಜಗಳಗಂಟರಿಗೆ ಅರ್ಜಿ ಹಾಕಿದ ತಿಂಗಳಿಂದ ಹಿಂದಿನ 3 ವರ್ಷದ ಬಾಕಿಯೂ ಉಂಟು. ಕೇಂದ್ರದ ಸಿಬ್ಬಂದಿ ಇಲಾಖೆಯ ಆದೇಶ ಇನ್ನೂ ಉದಾರ: ಇನ್‌ಕ್ರಿಮೆಂಟು ಪಿಂಚಣಿಯ ಲೆಕ್ಕಕ್ಕಷ್ಟೇ, ಗ್ರಾಚ್ಯುಟಿಗೂ ಕಮ್ಯುಟೇಶನ್‌ಗೂ (ಪಿಂಚಣಿಯ ಒಂದು ಪಾಲನ್ನು ಒಟ್ಟಿಗೇ ಇಡಿಗಂಟಾಗಿ ಪಡೆಯುವುದು) ಇಲ್ಲ.

ಕಡಿಮೆ ಬರುತ್ತಿದ್ದರೆ ಬ್ಯಾಂಕಿನಲ್ಲಿ ಜಗಳ ತೆಗೆಯಬೇಡಿ. ಪಿಪಿಒದಲ್ಲಿ (ಪಿಂಚಣಿ ಪಾವತಿ ಆದೇಶ) ಇರುವುದನ್ನಷ್ಟೇ ಅವರು ಹಾಕುತ್ತಾರೆ. ನಿವೃತ್ತರಾದ ಕಚೇರಿಯ ಮುಖ್ಯಸ್ಥರಿಗೇ ಮನವಿ ಬರೆದು, ಪಿಪಿಒ ಮತ್ತು ಕೊನೆಯ ವೇತನಪತ್ರದ ಪ್ರತಿ ಲಗತ್ತಿಸಿ, ತಿದ್ದಿದ ಪಿಪಿಒ ಬೇಕೆಂದು ಕೇಳಿ. ಸ್ಪೀಡ್ ಪೋಸ್ಟ್ ರಸೀದಿ ಕಳೆದುಕೊಳ್ಳಬೇಡಿ. ಮನವಿ ಕೊಡದೆ ನೇರ ಕೇಂದ್ರ ಆಡಳಿತ ನ್ಯಾಯಮಂಡಳಿಗೆ (ಸಿಎಟಿ) ಹೋದರೆ ಆಡಳಿತ ನ್ಯಾಯಮಂಡಳಿ ಕಾಯ್ದೆಯ 20ನೇ ಸೆಕ್ಷನ್ ತೋರಿಸಿ ವಾಪಸ್ ಕಳಿಸಿಯಾರು. ಮನವಿ ಕೊಟ್ಟ ಮೇಲೆ 6 ತಿಂಗಳು ಕಾಯಬೇಕು. ಅಷ್ಟು ದಿನ ಬಾಯಿ ಮುಚ್ಚಿಕೊಂಡಿರಲು ಇಲಾಖೆಗೆ ಕಾನೂನೇ ಕೊಟ್ಟ ಸವಲತ್ತು ಅದು. ಉತ್ತರ ಬಾರದಿದ್ದರೆ ಅಲ್ಲಿಂದ 1 ವರ್ಷದೊಳಗೆ ಅರ್ಜಿ. ನಡುವೆ ‘ಇಲ್ಲ’ ಎಂಬ ಪತ್ರ ಬಂದರೆ ವರ್ಷದ ಲೆಕ್ಕ ಅವತ್ತೇ ಶುರು. ಶುಲ್ಕ 50 ರೂಪಾಯಿ. ನೌಕರಿ ದೆಹಲಿಯಲ್ಲಿ ಮಾಡಿ ಈಗ ಹಾವೇರಿಯಲ್ಲಿದ್ದರೂ ಬೆಂಗಳೂರು ಪೀಠದಲ್ಲೇ ಹಾಕಬಹುದು.

ಎದುರು ನಿಲ್ಲುವ ಸರ್ಕಾರಿ ವಕೀಲರ ಫೀಸಿನಲ್ಲಿ ನಿಮ್ಮದೂ ಪಾಲಿದೆ. ಏಕೆಂದರೆ ಇನ್‌ಕ್ರಿಮೆಂಟು ಕೇಳಿದಾಗ ನೀವು ನೌಕರರಲ್ಲದಿದ್ದರೂ, ಆದಾಯ ತೆರಿಗೆ ಕಾಯ್ದೆಗೆ ನಿಮ್ಮ ಪಿಂಚಣಿ ಇಂದಿಗೂ ‘ಸಂಬಳ’ವೇ.