ಐಡಾ ಲುಪಿನೋ ಹಾಲಿವುಡ್‌ನ ಮೊದಲ ನಿರ್ದೇಶಕಿ ಅಲ್ಲ

‘ಹಾಲಿವುಡ್‌ನ ಮೊದಲ ನಿರ್ದೇಶಕಿ ಐಡಾ ಲುಪಿನೋ’ ಎಂಬ ಮಾತು ಮತ್ತೆ ಓಡಾಡುತ್ತಿದೆ. ಇದು ತಪ್ಪು. ಲೋಯಿಸ್ ವೆಬರ್ 1910ರ ದಶಕದಲ್ಲೇ ಅಲ್ಲಿ ದೊಡ್ಡ ಹೆಸರು. ಡೊರೊಥಿ ಆರ್ಜ್ನರ್ 1927ರಿಂದ 1943ರವರೆಗೆ ಸ್ಟುಡಿಯೋಗಳಿಗೆ ಸಿನಿಮಾ ಮಾಡಿದರು. ಇವರನ್ನು ಮರೆಯುವುದು ಅನ್ಯಾಯ ಅಲ್ವಾ?

ಹಾಗಂತ ಲುಪಿನೋ ಸಾಧನೆ ಸಣ್ಣದಲ್ಲ. ಲಂಡನ್‌ನಲ್ಲಿ ಹುಟ್ಟಿದ ಈ ನಟಿ ನಿರ್ದೇಶನಕ್ಕೆ ಇಳಿದದ್ದು 1949ರಲ್ಲಿ. ತಾವು ನಿರ್ಮಿಸುತ್ತಿದ್ದ ಚಿತ್ರದ ನಿರ್ದೇಶಕ ಎಲ್ಮರ್ ಕ್ಲಿಫ್ಟನ್ ಅವರಿಗೆ ಹೃದಯಾಘಾತವಾಯಿತು. ಕೆಲಸ ಮುಗಿಸಿದ್ದು ಲುಪಿನೋ, ತೆರೆಯ ಮೇಲೆ ಉಳಿದದ್ದು ಕ್ಲಿಫ್ಟನ್ ಹೆಸರು. ಮುಂದೆ ಪೋಲಿಯೋ, ಅತ್ಯಾಚಾರದಂಥ ವಿಷಯಗಳನ್ನು ಧೈರ್ಯವಾಗಿ ಚಿತ್ರ ಮಾಡಿದರು. 1950ರ ದಶಕದ ಆರಂಭದಲ್ಲಿ ಹಾಲಿವುಡ್‌ನಲ್ಲಿ ನಿರ್ದೇಶನ ಮಾಡುತ್ತಿದ್ದ ಹೆಣ್ಣುಮಗಳು ಹೆಚ್ಚುಕಡಿಮೆ ಅವರೊಬ್ಬರೇ. ಗೊಂದಲ ಹುಟ್ಟಿದ್ದು ಬಹುಶಃ ಇಲ್ಲೇ.